ಒಂದೇ ಆಟದ ನಾಲ್ಕು ಪ್ರತಿಗಳು

ಮಿರಜಿನ ಸ್ಟೇಷನ್ ರಸ್ತೆಯಲ್ಲಿ ಭಾಲಚಂದ್ರ ಚೌಗುಲೆ ನಡೆದು ಬಂದರೆ ಬಾಳೆಹಣ್ಣಿನ ಗಾಡಿಯವನು ಸುಮ್ಮನಿರುತ್ತಿರಲಿಲ್ಲ. "ಕವಠೆ!" ಎಂದು ಒಂದು ಊರಿನ ಹೆಸರು ಕೂಗುತ್ತಿದ್ದ. ಚೌಗುಲೆಯವರು ಕಾಲು ನಿಲ್ಲಿಸದೆ, "ಯಾವ ಕವಠೆಪಾ? ಮಹಾಂಕಾಳೋ, ಏಕಂದೋ, ಪಿರಾನೋ? ಮೂರಕ್ಕೂ ಬ್ಯಾರೆ ಬ್ಯಾರೆ ಚೀಲ!" ಎಂದು ಉತ್ತರ ಕೊಟ್ಟು ಮುಂದೆ ಹೋಗುತ್ತಿದ್ದರು. ಗಾಡಿಯವನಿಗೆ ಅದೊಂದು ದಿನದ ಆಟ. ಚೌಗುಲೆಯವರಿಗೆ ಅದು ದಿನಕ್ಕೊಂದು ಸನ್ಮಾನ.

ರೈಲ್ವೆ ಅಂಚೆಯಲ್ಲಿ ಅವರು ಮೂವತ್ತಾರು ವರ್ಷ ಸಾರ್ಟರ್ ಆಗಿದ್ದವರು. ಓಡುವ ಗಾಡಿಯೊಳಗೆ ಕಾಲು ಅಗಲಿಸಿ ನಿಂತು, ಗೋಡೆಗೆ ಬಡಿದ ಮರದ ಖಾನೆಗಳಿಗೆ ಕಾಗದಗಳನ್ನು ಎಸೆಯುವ ಕೆಲಸ. ಸಾವಿರದ ನಾನೂರು ಅಂಚೆ ಕಚೇರಿಗಳ ಹೆಸರು, ಯಾವುದು ಯಾವ ಚೀಲಕ್ಕೆ, ಆ ಚೀಲ ಯಾವ ಗಾಡಿಗೆ, ಎಲ್ಲ ತಲೆಯಲ್ಲೇ ಇರಬೇಕು. ತಪ್ಪು ಖಾನೆಗೆ ಬಿದ್ದ ಕಾಗದಕ್ಕೆ ಮೇಲಿನಿಂದ ಕಾರಣ ಕೇಳುವ ಜಾಬು ಬರುತ್ತಿತ್ತು. ಚೌಗುಲೆಯವರಿಗೆ ಇಡೀ ನೌಕರಿಯಲ್ಲಿ ಬಂದ ಜಾಬು ಎರಡೇ ಎರಡು. ಅವೆರಡರ ತಾರೀಕನ್ನೂ ಅವರು ಹೇಳಬಲ್ಲವರಾಗಿದ್ದರು. ಮನುಷ್ಯನಿಗೆ ಯಾವುದಾದರೂ ಒಂದರ ಜಂಬ ಇರಲೇಬೇಕು; ಇವರದು ನೆನಪಿನ ಜಂಬ.

ನಿವೃತ್ತಿಯಾದ ಮೇಲೆ ಅವರಿಗೆ ಕಂಪ್ಯೂಟರ್ ಆಟದ ಹುಚ್ಚು ಹತ್ತಿತು. ಊರಿಗೆಲ್ಲ ನಗೆ. ಅರವತ್ತೇಳರ ಮನುಷ್ಯ ಮಧ್ಯಾಹ್ನ ಮೂರಕ್ಕೆ ಬಾಗಿಲು ಓರೆ ಮಾಡಿಕೊಂಡು ಯಾವುದೋ ಹಿಮದ ದೇಶದಲ್ಲಿ ಗೂಡ್ಸ್ ಗಾಡಿ ಓಡಿಸುತ್ತಾನೆ ಎಂದರೆ ಯಾರು ನಗುವುದಿಲ್ಲ? ಆಟ ಮಾರುವ ಅಂಗಡಿಗಳು ಇಂಟರ್ನೆಟ್ಟಿನಲ್ಲಿ ಐದಾರಿವೆ. ವಾರಕ್ಕೊಂದು ಆಟ ಪುಕ್ಕಟೆ ಕೊಡುವ ಅಂಗಡಿಗಳೂ ಇವೆ. ಪುಕ್ಕಟೆ ಸಿಕ್ಕರೆ ನನಗೊಂದಿರಲಿ ನಮ್ಮಪ್ಪನಿಗೊಂದಿರಲಿ ಎನ್ನುವಂತೆ ಚೌಗುಲೆಯವರು ಸಿಕ್ಕಿದ್ದನ್ನೆಲ್ಲ ಬಾಚಿದರು. ಏಳು ವರ್ಷದಲ್ಲಿ ಐದು ಅಂಗಡಿಗಳಲ್ಲಿ ಅವರ ಹೆಸರಿನಲ್ಲಿ ಸಾವಿರಕ್ಕೂ ಮೇಲೆ ಆಟಗಳು ಬಿದ್ದಿದ್ದವು. ಯಾವುದು ಎಲ್ಲಿದೆ ಎಂದು ದೇವರಿಗೂ ತಿಳಿಯುವಂತಿರಲಿಲ್ಲ.

"ನನ್ನ ಸವತಿ ಎದ್ದಳೇನು?" ಎಂದು ಹೆಂಡತಿ ಸುಲಭಾಬಾಯಿ ಅಡುಗೆಮನೆಯಿಂದ ಕೇಳುತ್ತಿದ್ದರು. ಕಂಪ್ಯೂಟರಿಗೆ ಅವರಿಟ್ಟ ಹೆಸರು ಅದು. "ಅಕಿಗೂ ಒಂದ ಕಪ್ ಚಹಾ ಇಡ್ಲೇನು?"

ಸುಲಭಾಬಾಯಿ ಮೂವತ್ತು ವರ್ಷ ಊರಿನ ಒಂದು ದೊಡ್ಡ ಆಸ್ಪತ್ರೆಯಲ್ಲಿ ವಾರ್ಡ್ ಸಿಸ್ಟರ್ ಆಗಿದ್ದವರು. ಮಾತು ಚುರುಕು, ಕೈ ಅದಕ್ಕಿಂತ ಚುರುಕು. ಗಂಡನ ಆಟಗಳನ್ನು ಅವರು ಮಕ್ಕಳ ದಡಾರದಂತೆ ಬಂದು ಹೋಗುವ ರೋಗ ಎಂದು ಸಹಿಸಿದ್ದರು.

ಸ್ಟೇಷನ್ ರಸ್ತೆಯಲ್ಲೇ ಇರ್ಫಾನ್ ಮುಜಾವರನ ಕಂಪ್ಯೂಟರ್ ರಿಪೇರಿ ಅಂಗಡಿ. ನಲವತ್ತರ ಹತ್ತಿರದ ಇರ್ಫಾನ್‌ಗೆ ಬಾಯಿ ಜಾಸ್ತಿ, ಕೆಲಸ ಅಚ್ಚುಕಟ್ಟು. ಮೇ ತಿಂಗಳಲ್ಲಿ ಅವನೇ ಮನೆಗೆ ಬಂದು ಹೊಸ ಲಾಂಚರ್ ಹಾಕಿಕೊಟ್ಟ.

"ನೋಡ್ರಿ ಕಾಕಾ, ಇನ್ನ ಐದು ಅಂಗಡಿ ಬಾಗಲಾ ತೆಗೆಯೂದು ಬ್ಯಾಡ. ಐದರ ಕೀಲಿನೂ ಇದಕ್ಕ ಕೊಟ್ಟೀನಿ. ಎಲ್ಲಾ ಆಟ ಒಂದ ಕಪಾಟಿನ್ಯಾಗ ಬಂದು ಕೂಡ್ತಾವ. ನಿಮ್ಮ ಹಳೇ ಸಿಡಿ ಆಟ ಅದಾವಲ್ಲ, ಅವನ್ನ ಕೈಲೆ ಸೇರಸ್ರಿ. ಹೆಂಗ ಬೇಕ ಹಂಗ ಜೋಡಿಸ್ಕೋರಿ."

"ಯಾವುದು ಎಷ್ಟ ಆಡೇನಿ ಅಂತ ತೋರಸ್ತೈತೇನು?"

"ಎಲ್ಲಾ ತೋರಸ್ತೈತಿ. ಕಾಕೂಗ ಮಾತ್ರ ತೋರಸಬ್ಯಾಡ್ರಿ, ಒಟ್ಟು ತಾಸು ನೋಡಿದ್ರ ಸೋಡಚೀಟಿ ಕೊಡ್ತಾರ!"

ಚೌಗುಲೆಯವರಿಗೆ ಮತ್ತೆ ನೌಕರಿ ಸಿಕ್ಕಷ್ಟು ಖುಷಿಯಾಯಿತು. ಲಾಂಚರ್ ತಾನೇ ಹಾಕಿದ್ದ ವಿಭಾಗಗಳು, ಅಂದರೆ ಓಟದ ಆಟ, ಹೊಡೆದಾಟದ ಆಟ, ಒಗಟಿನ ಆಟ, ಅವರಿಗೆ ಒಂದೂ ಹಿಡಿಸಲಿಲ್ಲ. ಕಾಗದದ ಬಣ್ಣ ನೋಡಿ ಯಾರಾದರೂ ವಿಂಗಡಿಸುತ್ತಾರೆಯೇ? ಎಲ್ಲವನ್ನೂ ಅಳಿಸಿ ತಮ್ಮವೇ ಖಾನೆಗಳನ್ನು ಮಾಡಿದರು: 'ಇಂದಿನ ಬಟವಾಡೆ', 'ನಾಳಿನ ಗಾಡಿಗೆ', 'ತಡೆದಿಟ್ಟವು', 'ಮುಟ್ಟಿದವು', ಕೊನೆಗೆ 'ವಿಳಾಸ ಸಿಗದವು'. ದಿನಕ್ಕೆ ಐವತ್ತು ಆಟದಂತೆ ಕೂತರು. ಮುಖಚಿತ್ರ ಇಲ್ಲದ್ದಕ್ಕೆ ಚಿತ್ರ ಹುಡುಕಿ ಅಂಟಿಸಿದರು. ಹಳೆಯ ಸಿಡಿಯ ಆಟಗಳಿಗೆ ಯಾವ ಕಡತ ಒತ್ತಿದರೆ ಆಟ ಏಳುತ್ತದೆ ಎಂದು ಒಂದೊಂದಾಗಿ ತೋರಿಸಿಕೊಟ್ಟರು. ಮೂರು ವಾರ ಮನೆಯಲ್ಲಿ ಪರಮ ಶಾಂತಿ.

ಇಂಗ್ಲಿಷ್ ಅಕ್ಷರಮಾಲೆಯ ಕೊನೆಯಿಂದ ಹಿಂದಕ್ಕೆ ಬರುತ್ತ ಬಿ ಮುಟ್ಟುವಷ್ಟರಲ್ಲಿ ಆ ಶಾಂತಿ ಹೋಯಿತು.

ಒಂದೇ ಆಟ ಮೂರು ಸಲ ಪಕ್ಕಪಕ್ಕದಲ್ಲಿ ಕೂತಿತ್ತು. ಮೂರು ಅಂಗಡಿಯ ಮೂರು ಗುರುತು, ಮುಖಚಿತ್ರ ಒಂದೇ: ಹಳದಿ ಚಿಟ್ಟೆ. ಹೆಸರು ಇಂಗ್ಲಿಷಿನಲ್ಲಿತ್ತು; ನಾವು ಚಿಟ್ಟೆಜೋಡಿ ಎನ್ನೋಣ. ಇಸ್ಪೀಟಿನಂಥ ಮೂವತ್ತಾರು ಎಲೆ ಬೋರಲಾಗಿ ಹಾಸಿರುತ್ತವೆ. ಎರಡೆರಡು ತಿರುವಿ ಒಂದೇ ಥರದ ಚಿಟ್ಟೆಗಳನ್ನು ಜೋಡಿ ಮಾಡಬೇಕು. ಚಿಕ್ಕ ಮಕ್ಕಳ ಪುಕ್ಕಟೆ ಆಟ. ಎರಡು ಪ್ರತಿ ಇರುವುದು ಅವರ ರಾಶಿಯಲ್ಲಿ ಹೊಸದೇನಲ್ಲ. ಆದರೆ ಈ ಆಟವನ್ನು ಅವರು ಜನ್ಮದಲ್ಲಿ ಕಂಡಿರಲಿಲ್ಲ.

ಕೆಳಗೆ ಲೆಕ್ಕ ಇತ್ತು. ಮೊದಲ ಪ್ರತಿ ಹತ್ತೊಂಬತ್ತು ತಾಸು ಆಡಿದ್ದು. ಎರಡನೆಯದು ಹದಿನಾಲ್ಕು. ಮೂರನೆಯದು ಎಂಟು. ಕಡೆಯ ಸಲ ಆಡಿದ್ದು: ನಿನ್ನೆ.

ಚೌಗುಲೆಯವರು ಮೂರನ್ನೂ ಕೂಡಿಸಿದರು. ನಲವತ್ತೊಂದು ತಾಸು! ನಿನ್ನೆ ತಾನು ಏನು ಮಾಡಿದೆ ಎಂದು ಒಂದೊಂದಾಗಿ ನೆನೆದರು. ಬೆಳಿಗ್ಗೆ ಪೋಹೆ ತಿಂದೆ. ಹತ್ತಕ್ಕೆ ಎಂದಿನಂತೆ ಸ್ಟೇಷನ್ನಿಗೆ ಹೋಗಿ ಹಳೆಯ ಸಾರ್ಟರುಗಳ ಜೊತೆ ಹನ್ನೆರಡರವರೆಗೆ ಕೂತೆ. ಊಟ, ಸಣ್ಣ ನಿದ್ದೆ, ಮೂರಕ್ಕೆ ಆಟ ಜೋಡಿಸಿದೆ. ಚಿಟ್ಟೆ ಎಲ್ಲಿಯೂ ಇಲ್ಲ. ನೆನಪಿನ ಖಾನೆಗೆ ಕೈ ಹಾಕಿದರೆ ಖಾನೆ ಖಾಲಿ.

ಅವರಿಗೆ ತಕ್ಷಣ ತಾಯಿಯ ನೆನಪಾಯಿತು. ಆಯಿ ಕೊನೆಯ ನಾಲ್ಕು ವರ್ಷ ಇದೇ ಮನೆಯಲ್ಲಿ ಹೀಗೇ ಕರಗಿಹೋಗಿದ್ದಳು. ಉಂಡ ಅರ್ಧ ತಾಸಿಗೆ ಊಟ ಕೇಳುವಳು. ಎರಡು ಸೀರೆ ಒಂದರ ಮೇಲೊಂದು ಉಡುವಳು. ಮಗನನ್ನು ತನ್ನ ಸತ್ತುಹೋದ ತಮ್ಮನ ಹೆಸರಿನಿಂದ ಕರೆಯುವಳು. ಸುಲಭಾ ದಿನಾ ಬೆಳಿಗ್ಗೆ ಅತ್ತೆಯ ಎದುರು ಕೂತು ಮೂರು ಮಾತು ಹೇಳುತ್ತಿದ್ದಳು, "ಲಿಂಬಿಕಾಯಿ, ಕೀಲಿ, ರಾಟಿ." ಐದು ನಿಮಿಷ ಬಿಟ್ಟು ಕೇಳುವಳು. ಆಯಿ ಮೊದಲು ಎರಡು ಹೇಳುತ್ತಿದ್ದಳು, ಆಮೇಲೆ ಒಂದು, ಆಮೇಲೆ ಸುಮ್ಮನೆ ನಗುತ್ತಿದ್ದಳು. ಆಗ ಸುಲಭಾಳ ಮುಖ ಆಗುತ್ತಿದ್ದ ರೀತಿಯನ್ನು ಚೌಗುಲೆಯವರು ಬಾಗಿಲಲ್ಲಿ ನಿಂತು ನೋಡಿದ್ದರು. ಬೇಸರವಲ್ಲ, ದುಃಖವೂ ಅಲ್ಲ, ಎಲ್ಲ ಗೊತ್ತಾದವರ ಶಾಂತ ಮುಖ. ಅದೇ ಮುಖ ಇನ್ನು ತನ್ನ ಕಡೆಗೆ ತಿರುಗೀತು.

ಅವರು ಕಣ್ಣುಮುಚ್ಚಿ ಪುಣೆ ಮಾರ್ಗದ ಊರುಗಳನ್ನು ಒಪ್ಪಿಸಿಕೊಂಡರು. ಒಂದೂ ತಪ್ಪಲಿಲ್ಲ. ಅದರಿಂದ ಸಮಾಧಾನ ಆಗಬೇಕಿತ್ತು, ಆಗಲಿಲ್ಲ. ಆಯಿಯೂ ಬೀಸುಕಲ್ಲಿನ ಹಾಡುಗಳನ್ನು ಸಾಯುವ ವಾರದವರೆಗೂ ಒಂದು ಸಾಲು ಬಿಡದೆ ಹೇಳಿದ್ದಳು. ಹಳೆಯದು ಉಳಿಯುತ್ತದೆ, ನಿನ್ನೆಯದು ಹೋಗುತ್ತದೆ. ಈ ರೋಗದ ರೀತಿಯೇ ಅದು.

ಮರುದಿನ ಅವರು ಇರ್ಫಾನ್‌ನ ಅಂಗಡಿಗೆ ಹೋಗಿ, ಯಾರದೋ ಮಾತು ಎನ್ನುವಂತೆ ಕೇಳಿದರು. "ನಮ್ಮ ಆಟ ಮತ್ತೊಬ್ಬರು ಕದ್ದು ಆಡಬಹುದೇನಪಾ?"

"ಯಾಕಾಗಬಾರದು? ಪಾಸ್‌ವರ್ಡ್ ಸಿಕ್ರ ರಶ್ಯಾದಾಂವ ಬೇಕಾದ್ರೂ ಕೂತು ಆಡ್ತಾನ. ಯಾಕ, ಕಳ್ಳ ಹೊಕ್ಕಾನೇನು? ಇಲ್ಲಾ ಕಾಕೂನ ಕೂತಾರೋ?"

"ಅಕಿ? ಇಸ್ಪೀಟ ಎಲಿ ಸಹಿತ ಮುಟ್ಟಾಕಿ ಅಲ್ಲ ಅಕಿ."

ಕಳ್ಳನೇ ಆಗಿರಲಿ ದೇವರೇ ಎಂದು ಚೌಗುಲೆಯವರು ಬೇಡಿಕೊಂಡರು. ಲೋಕದಲ್ಲಿ ಕಳ್ಳನಿಗಾಗಿ ಹರಕೆ ಹೊತ್ತವರು ಅವರೊಬ್ಬರೇ ಇರಬೇಕು. ಅಂದೇ ಐದೂ ಅಂಗಡಿಯ ಪಾಸ್‌ವರ್ಡ್ ಬದಲಿಸಿ, ಹೊಸ ಕೀಲಿಗಳನ್ನು ಲಾಂಚರಿಗೂ ಕೊಟ್ಟರು. ಮೂರನೆಯ ದಿನ ಲಾಂಚರ್ ತೆರೆದರೆ ಚಿಟ್ಟೆಜೋಡಿಗೆ ಮತ್ತೆ ಎರಡು ತಾಸು ಏರಿತ್ತು. ಕಡೆಯ ಸಲ ಆಡಿದ್ದು: ಇಂದು. ರಶ್ಯಾದವನ ಆಸೆಯೂ ಮುಗಿಯಿತು.

ಇಷ್ಟರ ನಡುವೆ ಸುಲಭಾಬಾಯಿಯ ಪ್ರಶ್ನೆಗಳು ಶುರುವಾಗಿದ್ದವು. ಅಥವಾ ಮೊದಲಿನಿಂದಲೂ ಇದ್ದವೋ ಏನೋ, ಇವರು ಈಗ ಗಮನಿಸಿದರು.

"ರೀ, ಲೈಟ್ ಬಿಲ್ ತುಂಬಿದ್ರೇನು?" ಬೆಳಿಗ್ಗೆ ಕೇಳಿದರು.

"ತುಂಬೇನಿ."

ಊಟಕ್ಕೆ ಕೂತಾಗ ಮತ್ತೆ ಅದೇ. "ಲೈಟ್ ಬಿಲ್ ತುಂಬಿದ್ರಿಲ್ಲ?"

ಚೌಗುಲೆಯವರ ಕೈಯಲ್ಲಿದ್ದ ಭಾಕರಿ ಅಲ್ಲೇ ನಿಂತಿತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವನ ಸ್ಥಿತಿ. ಇವಳು ಪರೀಕ್ಷೆ ಮಾಡುತ್ತಿದ್ದಾಳೆ! ಆಯಿಗೆ ಲಿಂಬಿಕಾಯಿ ಕೇಳಿದಂತೆ ತನಗೆ ಲೈಟ್ ಬಿಲ್ ಕೇಳುತ್ತಿದ್ದಾಳೆ!

"ಮಂಗಳವಾರ ತುಂಬೇನಿ. ಹನ್ನೊಂದೂ ಹತ್ತಕ್ಕ. ಕಿಡಕಿ ನಂಬರ ಎರಡು. ಕನ್ನಡಕದ ಹುಡುಗಿ ಕುಂತಿದ್ದಳು. ಪಾವತಿ ಮೊಳಿಗೆ ಚುಚ್ಚೇನಿ."

"ಅಯ್ಯ, ಅಷ್ಟ ಕೇಳಿದ್ದಕ್ಕ ಪಂಚನಾಮಾ ಯಾಕ ಓದ್ತೀರಿ?" ಎಂದು ಸುಲಭಾಬಾಯಿ ನಕ್ಕರು. ಆದರೆ ನಕ್ಕವರು ತಟ್ಟನೆ ನಿಲ್ಲಿಸಿ ಗಂಡನ ಮುಖವನ್ನೇ ನೋಡಿದರು. ಆ ನೋಟಕ್ಕೆ ಚೌಗುಲೆಯವರು ಊಟ ಅರ್ಧಕ್ಕೆ ಬಿಟ್ಟು ಎದ್ದರು.

ಅಂದಿನಿಂದ ಅವರು ಹೆಂಡತಿಗೆ ಹೆದರಿ ಬದುಕತೊಡಗಿದರು. ಪ್ರತಿ ಪ್ರಶ್ನೆಗೂ ತಾರೀಕು, ತಾಸು, ಸಾಕ್ಷಿ ಸಮೇತ ಉತ್ತರ. ಸುಲಭಾಬಾಯಿ ಮಾತು ಕಡಿಮೆ ಮಾಡಿದರು. ಇಬ್ಬರೂ ಒಬ್ಬರಿಗೊಬ್ಬರು ಗೊತ್ತಾಗದಂತೆ ಒಬ್ಬರನ್ನೊಬ್ಬರು ನೋಡುವುದು ನಡೆಯಿತು. ನಲವತ್ತು ವರ್ಷ ಬಾಯಿತುಂಬಾ ಬೈದಾಡಿಕೊಂಡಿದ್ದ ಮನೆ ಮೂರ್ನಾಲ್ಕು ದಿನದಲ್ಲಿ ಆಸ್ಪತ್ರೆಯ ವರಾಂಡದಂತಾಯಿತು.

ಅಂಚೆ ಖಾತೆಯಲ್ಲಿ ಒಂದು ಪದ್ಧತಿ ಉಂಟು. ಎಲ್ಲಿ ಕಾಗದ ದಾರಿತಪ್ಪುತ್ತದೆ ಎಂದು ತಿಳಿಯಲು ಮೇಲಿನವರು ಯಾರಿಗೂ ಹೇಳದೆ ಒಂದು ಪರೀಕ್ಷಾ ಕಾಗದ ಹಾಕುತ್ತಾರೆ. ಅದು ಹೋದ ದಾರಿಯಲ್ಲೇ ತಪ್ಪು ಮಾಡಿದವನು ಸಿಕ್ಕಿಬೀಳುತ್ತಾನೆ. ಚೌಗುಲೆಯವರು ತಮ್ಮ ಮೇಲೆಯೇ ಅದನ್ನು ಹಾಕಿದರು. ಎರಡು ಪ್ರತಿಗಳನ್ನು ಕಂಪ್ಯೂಟರಿನಿಂದ ಕಿತ್ತುಹಾಕಿದರು. ಮೂರನೆಯದನ್ನು 'ವಿಳಾಸ ಸಿಗದವು' ಖಾನೆಯ ತಳದಲ್ಲಿಟ್ಟು, ಪಟ್ಟಿಯಲ್ಲಿ ಕಾಣದಂತೆ ಮರೆಮಾಡಿದರು. ಪರದೆಯ ಮೇಲೆ ಒತ್ತುವ ಗುರುತನ್ನೂ ಅಳಿಸಿದರು. ಒಂದು ಚೀಟಿಯ ಮೇಲೆ 'ಚಿಟ್ಟೆ ಮುಚ್ಚಿಟ್ಟಿದ್ದೇನೆ. ಸೋಮವಾರ. ಭಾ. ಚೌ.' ಎಂದು ಬರೆದು ಸಹಿ ಮಾಡಿ ಅಂಗಿಯ ಒಳಜೇಬಿಗೆ ಹಾಕಿದರು. ಇನ್ನೂ ಆಡಿದರೆ ತಾನೇ ಅದನ್ನು ಹುಡುಕಿ ತೆಗೆದಿರಬೇಕು. ಆಗ ಸಂಶಯವೇ ಇಲ್ಲ.

ಮಂಗಳವಾರ ಮಧ್ಯಾಹ್ನ ಲಾಂಚರ್ ತೆರೆದರು. ಮರೆಮಾಡಿದ್ದು ಮರೆಯಲ್ಲೇ ಇತ್ತು. ಅವರು ಒಂದು ಉಸಿರು ಬಿಟ್ಟರು. ಹಾಗೇ ಮೇಲೆ ನೋಡಿದರೆ, 'ಹೊಸದಾಗಿ ಸೇರಿದವು' ಎಂಬಲ್ಲಿ ಹಳದಿ ಚಿಟ್ಟೆ. ನಾಲ್ಕನೆಯ ಅಂಗಡಿಯಿಂದ ನಾಲ್ಕನೆಯ ಪ್ರತಿ. ಒಂದು ತಾಸು ಆಡಿದ್ದು. ಇಂದು.

ಒಳಜೇಬಿನ ಚೀಟಿ ತೆಗೆದು ಓದಿದರು. ಅವರದೇ ಅಕ್ಷರ, ಅವರದೇ ಸಹಿ. ಚೀಟಿ ತಿರುವಿ ಹಿಂಬದಿಯನ್ನೂ ನೋಡಿದರು. ಮುಚ್ಚಿಟ್ಟದ್ದು ನೆನಪಿದೆ, ಮತ್ತೆ ತಂದದ್ದು ನೆನಪಿಲ್ಲ. ತನ್ನೊಳಗೆ ಮತ್ತೊಬ್ಬ ಚೌಗುಲೆ ಇದ್ದಾನೆ, ಅವನು ತನ್ನ ಕೈಯಿಂದಲೇ ಕೆಲಸ ಮಾಡಿಸಿ ತನಗೆ ಹೇಳದೆ ಹೋಗುತ್ತಾನೆ. ಇನ್ನೊಂದು ವರ್ಷಕ್ಕೆ ಅವನೊಬ್ಬನೇ ಉಳಿದಿರುತ್ತಾನೆ. ಆಯಿಯ ಎರಡು ಸೀರೆಯನ್ನು ಬಿಡಿಸಿದ ಕೈಗಳೇ ತನ್ನ ಅಂಗಿಯ ಗುಂಡಿಯನ್ನು ಹಾಕುತ್ತವೆ. ಸುಲಭಾಳಿಗೂ ಅರವತ್ತೈದು. ಅವಳು ಇನ್ನೊಮ್ಮೆ ಆ ಹೊಲಸನ್ನೆಲ್ಲ ಬಳಿಯಬೇಕೇ? ಅವರು ಕುರ್ಚಿಯಲ್ಲಿ ಕೂತೇ ಅತ್ತರು. ಗಂಡಸರು ಅಳಬಾರದೆನ್ನುವವರು ಇಂಥ ಹೆದರಿಕೆ ಕಂಡವರಲ್ಲ.

ಬುಧವಾರ ಹತ್ತಕ್ಕೆ ಮನೆಯಿಂದ ಹೊರಟವರು ಸ್ಟೇಷನ್ನಿಗೆ ಹೋಗಲಿಲ್ಲ. ಬಾಳೆಹಣ್ಣಿನವನು "ಕವಠೆ!" ಎಂದ. ಅವರು ಕೇಳಿಸಿಕೊಳ್ಳದೆ ಇರ್ಫಾನ್‌ನ ಅಂಗಡಿಗೆ ಹೋಗಿ ಸ್ಟೂಲಿನ ಮೇಲೆ ಕುಸಿದರು.

"ಕಾಕಾ! ಏನಾತ್ರೀ? ಮಾರಿ ಯಾಕ ಹಿಂಗ ಬಿಳಚೇತಿ?"

ಅವರಿಗೆ ಇನ್ನು ಮುಚ್ಚಿಡುವ ಶಕ್ತಿ ಇರಲಿಲ್ಲ. ಎಲ್ಲ ಹೇಳಿದರು. ಮೂರು ಪ್ರತಿ, ನಲವತ್ತೊಂದು ತಾಸು, ಪಾಸ್‌ವರ್ಡ್, ಚೀಟಿ, ನಾಲ್ಕನೆಯ ಪ್ರತಿ, ಆಯಿ. ಯಾವತ್ತೂ ಚೇಷ್ಟೆ ಮಾಡುವ ಇರ್ಫಾನ್ ಕೈಯಲ್ಲಿದ್ದ ಸ್ಕ್ರೂಡ್ರೈವರ್ ಕೆಳಗಿಟ್ಟು ಕೇಳಿದ.

"ಇದಕ್ಕ ಅಳೂದ್ಯಾಕ್ರೀ? ನಿಮ್ಮ ಕಂಪ್ಯೂಟರ್ ಇಲ್ಲಿಂದನ ನೋಡಾಕ ಬರ್ತೈತಿ ನನಗ. ರಿಪೇರಿ ಸಲುವಾಗಿ ಹಾಕೀನಲ್ಲ. ಯಾವ ತಾಸಿಗೆ ಆಡ್ಯಾರ ಅಂತ ಗಂಟಿ ಸಮೇತ ತೆಗಿಯೂಣ. ಈಗ ಕಂಪ್ಯೂಟರ್ ಚಾಲೂ ಐತೇನು?"

"ಇಲ್ಲ, ನಾ ಬಂದ್ ಮಾಡಿ ಬಂದೀನಿ."

ಇರ್ಫಾನ್ ತನ್ನ ಪರದೆ ನೋಡಿದ. "ಚಾಲೂ ಐತಲ್ರೀ."

ಅವನು ಗುಂಡಿ ಒತ್ತಿದ. ಚೌಗುಲೆಯವರ ಮನೆಯ ಪರದೆ ಅಂಗಡಿಯ ಪರದೆಯ ಮೇಲೆ ಬಿಚ್ಚಿಕೊಂಡಿತು. ಹಸಿರು ಹಾಸಿನ ಮೇಲೆ ಬೋರಲಾದ ಎಲೆಗಳು. ಯಾರೂ ಮುಟ್ಟದೆ ಬಾಣದ ಗುರುತು ತಾನಾಗಿ ಸರಿಯಿತು. ಒಂದು ಎಲೆ ತಿರುಗಿತು: ನೀಲಿ ಚಿಟ್ಟೆ. ಇನ್ನೊಂದು ತಿರುಗಿತು: ಕೆಂಪು ಚಿಟ್ಟೆ. ಎರಡೂ ಮತ್ತೆ ಬೋರಲಾದವು.

ಚೌಗುಲೆಯವರು ತಮ್ಮ ಎರಡೂ ಕೈಗಳನ್ನು ನೋಡಿಕೊಂಡರು. ಎರಡೂ ತೊಡೆಯ ಮೇಲಿದ್ದವು. ತಾನು ಇಲ್ಲಿದ್ದೇನೆ. ಆಟ ಅಲ್ಲಿ ನಡೆದಿದೆ.

ಇರ್ಫಾನ್ ಹೋ ಎಂದು ನಕ್ಕ. "ಸಿಕ್ಕರ್ರೀ ನಿಮ್ಮ ರಶ್ಯಾದಾಂವ! ಕಾಕೂ ಆಡಾಕ ಹತ್ಯಾರ! ನೀವು ಸ್ಟೇಷನ್ ಕಡೆ ಹೋಗೂದ ತಡಾ, ಸವತಿ ಕೂಡ ದೋಸ್ತಿ!"

ಚೌಗುಲೆಯವರಿಗೂ ನಗು ಬಂತು, ಹೊಟ್ಟೆಯ ಆಳದಿಂದ ಬಂತು, ಕಣ್ಣಲ್ಲಿ ನೀರು ಬರುವಷ್ಟು ಬಂತು. ತಲೆಯ ಮೇಲಿನ ಬಂಡೆಯನ್ನು ಯಾರೋ ಎತ್ತಿ ಇಳಿಸಿದ ಹಾಗೆ. ಹದಿನೈದು ದಿನದಲ್ಲಿ ಮೊದಲ ಸಲ ಅವರಿಗೆ ಹಸಿವಾಯಿತು. "ಕಳ್ಳಿ! ಇಸ್ಪೀಟ ಮುಟ್ಟಂಗಿಲ್ಲ ಅಂತಾಳ, ಇಲ್ಲಿ ಚಿಟ್ಟಿ ಹಿಡಿಯಾಕ ಕೂತಾಳ! ಎರಡ ಚಹಾ ಹೇಳಪಾ. ತಡಿ, ಹೆಂಗ ಆಡ್ತಾಳ ನೋಡೂಣ."

ಚಹಾ ಬಂತು. ಇಬ್ಬರೂ ನೋಡುತ್ತ ಕುಡಿದರು. ಎರಡನೆಯ ಸಾಲಿನ ತುದಿಯ ಎಲೆ ತಿರುಗಿತು: ನೀಲಿ ಚಿಟ್ಟೆ. ಅದರ ಜೋಡಿ ಕೆಳಸಾಲಿನ ನಡುವೆ ಇರುವುದು ಚೌಗುಲೆಯವರ ಕಣ್ಣಿಗೆ ಆಗಲೇ ಬಿದ್ದಿತ್ತು. ಬಾಣ ಬೇರೆಲ್ಲೋ ಹೋಯಿತು: ಕೆಂಪು ಚಿಟ್ಟೆ. ಬೋರಲು. ಮತ್ತೆ ಅದೇ ತುದಿಯ ಎಲೆ: ನೀಲಿ. ಬಾಣ ತುಸು ತಡೆದು ಮತ್ತೆ ಅದೇ ಕೆಂಪಿನ ಮೇಲೆ. ಬೋರಲು. ಮೂರನೆಯ ಸಲ ನೀಲಿ. ಮೂರನೆಯ ಸಲ ಕೆಂಪು. ಬಾಣ ಹಸಿರಿನ ನಡುವೆ ನಿಂತುಬಿಟ್ಟಿತು. ಬಹಳ ಹೊತ್ತು ಅಲುಗಲಿಲ್ಲ. ಆಮೇಲೆ ಮೆಲ್ಲಗೆ ಹೋಗಿ ಅದೇ ತುದಿಯ ಎಲೆಯನ್ನು ತಿರುವಿತು.

"ಕಾಕೂ ಆಟದಾಗ ಸ್ವಲ್ಪ ದಡ್ಡರ ಅದಾರ ಬಿಡ್ರಿ," ಎಂದ ಇರ್ಫಾನ್.

ಚೌಗುಲೆಯವರು ಲೋಟವನ್ನು ಕೆಳಗಿಟ್ಟರು. ಬೆಳಿಗ್ಗೆ ಲೈಟ್ ಬಿಲ್, ಮಧ್ಯಾಹ್ನ ಲೈಟ್ ಬಿಲ್. ಅದು ಪರೀಕ್ಷೆ ಆಗಿರಲಿಲ್ಲ. ಆಟ ಎಲ್ಲಿಟ್ಟೆ ಎಂದು ಮರೆತವಳು ಒಂದೊಂದು ಅಂಗಡಿಗೆ ಹೋಗಿ ಅದೇ ಆಟವನ್ನು ಮತ್ತೆ ಮತ್ತೆ ತಂದಿದ್ದಳು.

"ಬಂದ್ ಮಾಡಪಾ ಅದನ್ನ," ಎಂದರು. "ಯಾರಿಗೂ ಹೇಳಬ್ಯಾಡ."

ಇರ್ಫಾನ್ ಅವರ ಮುಖ ನೋಡಿದ. ಏನು ಅರ್ಥವಾಯಿತೋ, ಪರದೆ ಆರಿಸಿ ಗಾಡಿಯ ಕೀಲಿ ಎತ್ತಿಕೊಂಡ. "ನಡೀರಿ, ನಾ ಬಿಟ್ಟು ಬರ್ತೀನಿ." ಚೌಗುಲೆಯವರು ಬೇಡವೆಂದು ನಡೆದೇ ಹೋದರು. ಆ ಅರ್ಧ ಮೈಲಿ ಅವರಿಗೆ ಮುಗಿಯಲಿಲ್ಲ. ತನಗೇ ರೋಗ ಎಂದುಕೊಂಡಿದ್ದಾಗ ಇದ್ದ ಹೆದರಿಕೆ ಈಗ ಎಷ್ಟು ಸಣ್ಣದಾಗಿ ಕಂಡಿತೆಂದರೆ, ಅದನ್ನೇ ಮರಳಿ ಕೊಡು ಎಂದು ದೇವರನ್ನು ಕೇಳಿದರು.

ಸುಲಭಾಬಾಯಿಗೆ ಬಾಗಿಲ ಸದ್ದು ಕೇಳಿಸಲಿಲ್ಲ. ಕನ್ನಡಕ ಮೂಗಿನ ತುದಿಗೆ ಇಳಿದಿತ್ತು. ಪಕ್ಕದಲ್ಲಿ ಆಸ್ಪತ್ರೆಯ ಜ್ವರದ ಚಾರ್ಟಿನಂಥ ಚೌಕುಳಿ ಹಾಳೆ. ದಿನಕ್ಕೊಂದು ಚುಕ್ಕೆ, ಚುಕ್ಕೆಗಳನ್ನು ಕೂಡಿಸಿದ ಗೆರೆ. ಎಷ್ಟು ಸಲ ತಿರುವಿದರೆ ಆಟ ಮುಗಿಯಿತು ಎಂಬ ಲೆಕ್ಕ. ಫೆಬ್ರವರಿಯಲ್ಲಿ ಮೂವತ್ತೆಂಟು. ಏಪ್ರಿಲ್‌ನಲ್ಲಿ ಐವತ್ತು. ನಿನ್ನೆ ಎಪ್ಪತ್ತೊಂದು. ಇಳಿಯದ ಜ್ವರದ ಗೆರೆ. ಸಿಸ್ಟರ್ ಚೌಗುಲೆಯ ಅಕ್ಷರ ಮಾತ್ರ ಮುತ್ತಿನಂತೆ ಇತ್ತು.

"ಸುಲಭಾ."

ಅವರು ತಿರುಗಿದರು. ಹಾಳೆಯನ್ನು ಮುಚ್ಚಲು ಹೋದ ಕೈ ಅರ್ಧಕ್ಕೆ ನಿಂತಿತು.

"ಯಾವಾಗಿಂದ?" ಎಂದರು ಚೌಗುಲೆ.

"ಸಂಕ್ರಾಂತಿಯಿಂದ. ತಿಳಗುಳ ಹಂಚಾಕ ಜಾಧವರ ಮನಿಗೆ ಎರಡ ಸಲ ಹೋಗಿ ಬಂದೆ. ಜಾಧವರಾಕಿ ನಕ್ಕಳು. ನಾ ನಗಲಿಲ್ಲ."

"ನನಗ ಹೇಳಬಾರದೇನು?"

"ಏನಂತ ಹೇಳ್ಲಿ? ಹದಿನೈದು ದಿನ ಆತು, ನೀವು ನನ್ನ ಕಂಡ್ರ ಅಂಜಾಕ ಹತ್ತೀರಿ. ಏನ ಕೇಳಿದ್ರೂ ತಾರೀಕು ಹೇಳ್ತೀರಿ, ಸಣ್ಣ ಹುಡುಗರಿಗೆ ಹೇಳಿದಂಗ. ನಿಮಗ ಗೊತ್ತಾಗೇತಿ ಅಂತ ತಿಳಕೊಂಡೆ. ಅದಕ್ಕ ಇನ್ನಷ್ಟು ಅಂಜಿದೆ." ಅವರು ಸೆರಗಿನಿಂದ ಕನ್ನಡಕ ಒರೆಸಿದರು. "ನಿನ್ನೆ ನನ್ನ ಆಟನ ಸಿಗಲಿಲ್ಲ. ಅರ್ಧ ತಾಸು ಹುಡಿಕೀನಿ. ಮೊನ್ನೆ ಇದ್ದ ಆಟ, ಎಲ್ಲಿ ಇಟ್ಟೆ ಅನ್ನೂದೂ ಹೋತಲ್ಲ ಅಂತ ಕೂತ ಅತ್ತೀನಿ."

"ಅದನ್ನ ನಾ ಮುಚ್ಚಿಟ್ಟಿದ್ದೆ," ಎಂದರು ಚೌಗುಲೆ. ಅದಕ್ಕಿಂತ ಕೆಟ್ಟ ಮಾತನ್ನು ಅವರು ಜೀವನದಲ್ಲಿ ಆಡಿರಲಿಲ್ಲ.

ಸುಲಭಾಬಾಯಿ ಗಂಡನನ್ನು ನೋಡಿದರು. ಬೈಯಲಿಲ್ಲ. "ಆಯಿ ಪುಣ್ಯವಂತಿ," ಎಂದರು. "ಅವರಿಗೆ ಮುಂದ ಏನಾಗತೈತಿ ಅಂತ ಗೊತ್ತಿರಲಿಲ್ಲ. ನನಗ ಎಲ್ಲಾ ಗೊತ್ತೈತಿ ನೋಡ್ರಿ. ಯಾವುದು ಮೊದಲ ಹೋಗತೈತಿ, ಯಾವುದು ಆಮ್ಯಾಲ ಹೋಗತೈತಿ. ಊರಿನ ಡಾಕ್ಟರೆಲ್ಲಾ ನನ್ನ ಸಿಸ್ಟರ್ ಅಂತಾರ. ಅವರ ಮುಂದ ಕುಂತು ಲಿಂಬಿಕಾಯಿ ಹೇಳ್ಲೇನು?"

"ಕೊಲ್ಹಾಪುರಕ್ಕ ಹೋಗೂಣ. ನಾಳೆನ ಹೋಗೂಣ. ಅಲ್ಲಿ ಯಾರಿಗೂ ನಿನ್ನ ಗುರ್ತ ಇಲ್ಲ."

"ಹೋಗೂಣ," ಎಂದರು ಅವರು. ಅಷ್ಟು ಬೇಗ ಒಪ್ಪಿದ್ದು ಚೌಗುಲೆಯವರಿಗೆ ಇನ್ನೂ ಹೆದರಿಕೆ ಹುಟ್ಟಿಸಿತು. ಸುಲಭಾ ಯಾವುದನ್ನೂ ಜಗಳವಾಡದೆ ಒಪ್ಪಿದವಳಲ್ಲ.

ಚೌಗುಲೆಯವರು ಕುರ್ಚಿ ಎಳೆದು ಪಕ್ಕದಲ್ಲಿ ಕೂತರು. ಲಾಂಚರ್ ತೆರೆದರು. ಮೂರು ವಾರ ಕೂತು ಕಟ್ಟಿದ ಖಾನೆಗಳೆಲ್ಲ ತುಂಬಿ ನಿಂತಿದ್ದವು. 'ಇಂದಿನ ಬಟವಾಡೆ'ಯಿಂದ ಶುರುಮಾಡಿ ಒಂದೊಂದೇ ಖಾನೆಯ ಆಟಗಳನ್ನು ಆರಿಸಿ ಮರೆಮಾಡುತ್ತ ಬಂದರು. ಹಿಮದ ದೇಶದ ಗೂಡ್ಸ್ ಗಾಡಿ ಹೋಯಿತು. ಕೈಯಿಂದ ಸೇರಿಸಿದ ಹಳೆಯ ಸಿಡಿಯ ಆಟಗಳು ಹೋದವು. ಚಿಟ್ಟೆಯ ಮೊದಲಿನ ಮೂರು ಪ್ರತಿಗಳು ಆಗಲೇ ಹೋಗಿದ್ದವು. ಕಡೆಗೆ ಅಷ್ಟಗಲದ ಪರದೆಯ ನಡುವೆ ಒಂದೇ ಚಿತ್ರ ಉಳಿಯಿತು. ಅದನ್ನು ಅಂಗೈ ಅಗಲ ದೊಡ್ಡದು ಮಾಡಿದರು.

"ಇನ್ನ ಹುಡುಕೂದು ಬ್ಯಾಡ. ತೆರದ್ರ ಇದೊಂದ ಇರ್ತೈತಿ."

"ನಿಮ್ಮವು?"

"ನನ್ನವು ಎಲ್ಲಿ ಅದಾವ ಅಂತ ನನಗ ನೆನಪೈತಿ," ಎಂದುಬಿಟ್ಟರು. ಆಡಿದ ಮೇಲೆ ನಾಲಿಗೆ ಕಚ್ಚಿಕೊಂಡರು.

ಸುಲಭಾಬಾಯಿ ಕೇಳಿಸದವರಂತೆ ಹೊಸ ಆಟ ಹಾಕಿದರು. ಮೂವತ್ತಾರು ಎಲೆ ಬೋರಲಾಗಿ ಹಾಸಿಕೊಂಡವು. ಮೊದಲ ಜೋಡಿ ಬೇಗ ಸಿಕ್ಕಿತು, ಎರಡನೆಯದೂ ಸಿಕ್ಕಿತು. ಆಮೇಲೆ ಹಳದಿ ಚಿಟ್ಟೆ ತಿರುಗಿತು. ಅದರ ಜೋಡಿ ಮೂರನೆಯ ಸಾಲಿನ ಐದನೆಯದು. ಈಗ ತಾನೇ ಇಬ್ಬರೂ ನೋಡಿದ್ದರು. ಬಾಣ ನಾಲ್ಕನೆಯ ಸಾಲಿಗೆ ಹೋಯಿತು. ಅಲ್ಲ. ಮೊದಲನೆಯ ಸಾಲಿಗೆ ಹೋಯಿತು. ಅಲ್ಲ. ಚೌಗುಲೆಯವರ ಬೆರಳು ತಾನಾಗಿ ಮೇಲೆದ್ದಿತು.

"ಹೇಳಬ್ಯಾಡ್ರಿ," ಎಂದರು ಸುಲಭಾಬಾಯಿ, ಪರದೆಯಿಂದ ಕಣ್ಣು ತೆಗೆಯದೆ.

ಅವರು ಬೆರಳನ್ನು ಇಳಿಸಿ ಎರಡೂ ಕೈಗಳನ್ನು ತೊಡೆಯ ನಡುವೆ ಒತ್ತಿ ಹಿಡಿದರು. ಬಾಣ ಮತ್ತೆ ನಾಲ್ಕನೆಯ ಸಾಲಿಗೆ ಹೋಯಿತು. ಅವರು ಹೇಳಲಿಲ್ಲ.